ನಾಗರಖಂಡದ ಜೈನ ಬರಹ: ಲೋಕಾನುಪ್ರೇಕ್ಷೆಯ ಒಂದು ಪರಂಪರೆ

ಶಾಸನಗಳು ಬನವಾಸಿ ಪನ್ನಿರ್ಛಾಸಿರವೆಂದು ಕರೆಯುವ ವಿಶಾಲವಾದ ನಾಡಿನಲ್ಲಿ ನಾಗರಖಂಡ ಎಪ್ಪತ್ತು, ಜಿಡ್ಡುಳಿಗೆ ಎಪ್ಪತ್ತು, ಎಡೆನಾಡು ಎಪ್ಪತ್ತು ಮುಂತಾದ ಒಳವಿಭಾಗಗಳಿದ್ದವು. ಇಂದಿನ ಶಿಕಾರಿಪುರ ಮತ್ತು ಸೊರಬ ತಾಲ್ಲೂಕುಗಳ ಪ್ರದೇಶ ಬಹುಮಟ್ಟಿಗೆ ಇವುಗಳಲ್ಲಿ ಅಡಕವಾಗಿತ್ತು. ಬಳ್ಳಿಗಾವೆ, ಬಂದಳಿಕೆ, ಚಿಕ್ಕಮಾಗಡಿ, ಉದ್ಧರೆ, ಕುಪ್ಪಟೂರು ಎಂಬ ಹೆಸರುಗಳು ಕರ್ನಾಟಕದ ಜೈನ ಇತಿಹಾಸವನ್ನು ಬಲ್ಲವರಿಗೆ ಅಪರಿಚಿತವಲ್ಲ. ಬಿ. ಎಲ್. ರೈಸ್ ಅವರು 1902ರಲ್ಲಿ ಹೊರತಂದ ಎಪಿಗ್ರಾಫಿಯ ಕರ್ನಾಟಿಕದ 7ನೆಯ ಸಂಪುಟದಲ್ಲಿ ಶಿಕಾರಿಪುರದ ಶಾಸನಗಳೂ, 1904ರಲ್ಲಿ ಹೊರತಂದ 8ನೆಯ ಸಂಪುಟದಲ್ಲಿ ಸೊರಬದ ಶಾಸನಗಳೂ ಬೆಳಕು ಕಂಡ ಮೇಲೆ, ಈ ಸೀಮೆಯಲ್ಲಿ ಜಿನಧರ್ಮ ಎಷ್ಟು ಆಳವಾಗಿ ಬೇರೂರಿತ್ತೆಂಬುದು ವಿದ್ವಾಂಸರಿಗೆ ಮನವರಿಕೆಯಾಯಿತು.

ಈ ಊರುಗಳ ಇತಿಹಾಸವನ್ನು ಬರೆಯುವಾಗ ಬಸದಿಗಳನ್ನೂ ದತ್ತಿಗಳನ್ನೂ ಗುರುಪರಂಪರೆಗಳನ್ನೂ ನಿಸಿದಿಗಳನ್ನೂ ಎಣಿಸುವುದು ವಾಡಿಕೆ. ಅದು ಅಗತ್ಯವಾದ ಕಾರ್ಯವೇ ಸರಿ. ಆದರೆ ಅದರೊಂದಿಗೆ ಕೇಳಬೇಕಾದ ಮತ್ತೊಂದು ಪ್ರಶ್ನೆಯುಂಟು. ಈ ನೆಲದಲ್ಲಿ ಬದುಕಿದ ಜೈನ ಬರಹಗಾರರು ತಮ್ಮ ಶ್ರದ್ಧೆಯ ಕಣ್ಣಿನಿಂದ ಹೊರಗಿನ ಲೋಕವನ್ನು ಹೇಗೆ ಕಂಡರು? ಬಸದಿಯ ಬಾಗಿಲಿನಲ್ಲಿ ನಿಂತು ಒಳಗಿನ ಬಿಂಬವನ್ನು ನೋಡಿದವರು, ಹಿಂದಿರುಗಿ ಎದುರಿನ ಬೀದಿಯನ್ನೂ ನೋಡಿದರೆ? ನೋಡಿದ್ದನ್ನು ಬರೆದಿಟ್ಟರೆ? ನೂತನ ಬಿಂಬಪ್ರತಿಷ್ಠೆಯ ಈ ಶುಭಸಂದರ್ಭದಲ್ಲಿ ಈ ಪ್ರಶ್ನೆಯನ್ನು ವಿಚಾರಿಸುವುದು ಸಮಯೋಚಿತವಾಗಿದೆ.

ಸ್ವಾಧ್ಯಾಯದ ಐದು ಅಂಗಗಳು

ಧರ್ಮಶ್ರದ್ಧೆಯುಳ್ಳವನು ಲೋಕದ ವಿಷಯದಲ್ಲಿ ಕುತೂಹಲ ತಾಳುವುದು ತಕ್ಕುದೇ ಎಂಬ ಸಂಶಯ ಕೆಲವರಿಗೆ ಬರಬಹುದು. ಆಗಮಸಂಪ್ರದಾಯವೇ ಈ ಸಂಶಯವನ್ನು ನಿವಾರಿಸುತ್ತದೆ. ತತ್ತ್ವಾರ್ಥಸೂತ್ರವು ಆಭ್ಯಂತರ ತಪಸ್ಸುಗಳಲ್ಲಿ ಸ್ವಾಧ್ಯಾಯವನ್ನು ಸೇರಿಸಿ, ಅದಕ್ಕೆ ವಾಚನೆ, ಪೃಚ್ಛನೆ, ಅನುಪ್ರೇಕ್ಷೆ, ಆಮ್ನಾಯ, ಧರ್ಮೋಪದೇಶ ಎಂಬ ಐದು ಅಂಗಗಳನ್ನು ಹೇಳಿದೆ. ಇವುಗಳಲ್ಲಿ ಪೃಚ್ಛನೆ ಎಂದರೆ ಕೇಳುವುದು, ಸಂಶಯವನ್ನು ಮುಂದಿಟ್ಟು ಉತ್ತರವನ್ನು ಅರಸುವುದು. ಅನುಪ್ರೇಕ್ಷೆ ಎಂದರೆ ತಿಳಿದುದನ್ನು ಮನಸ್ಸಿನಲ್ಲಿ ಮತ್ತೆ ಮತ್ತೆ ತಿರುವಿ ನೋಡುವುದು. ಪ್ರಶ್ನಿಸುವುದೇ ತಪಸ್ಸಿನ ಭಾಗವೆಂದು ಹೇಳಿರುವುದು ಗಮನಾರ್ಹ.

ಇಷ್ಟೇ ಅಲ್ಲ. ಅನಿತ್ಯ, ಅಶರಣ ಮೊದಲಾದ ಹನ್ನೆರಡು ಅನುಪ್ರೇಕ್ಷೆಗಳಲ್ಲಿ ಲೋಕಾನುಪ್ರೇಕ್ಷೆಯೂ ಒಂದು. ಲೋಕದ ಸ್ವರೂಪವನ್ನು, ಅದರಲ್ಲಿ ಜೀವಿಗಳು ಇರುವ ಬಗೆಯನ್ನು ಚಿಂತಿಸುವುದೇ ಅದರ ತಿರುಳು. ಏಕತ್ವಾನುಪ್ರೇಕ್ಷೆ ಮನುಷ್ಯನನ್ನು ತನ್ನೊಳಗೆ ನೋಡುವಂತೆ ಮಾಡಿದರೆ, ಲೋಕಾನುಪ್ರೇಕ್ಷೆ ಅವನನ್ನು ಹೊರಗೆ ನೋಡುವಂತೆ ಮಾಡುತ್ತದೆ. ಇವೆರಡೂ ಒಂದೇ ಮಾಲೆಯ ಮಣಿಗಳು. ಲೇಖಕನೊಬ್ಬನು ತನ್ನ ಅನುಭವವನ್ನು ಆಧಾರವಾಗಿಟ್ಟುಕೊಂಡು, ತಾನು ಕಂಡ ಊರನ್ನೂ ಜನರನ್ನೂ ಶ್ರದ್ಧೆಯ ಬೆಳಕಿನಲ್ಲಿ ಪರಿಶೀಲಿಸಿ ಬರೆಯುವ ಪ್ರಬಂಧ ಆಧುನಿಕ ಕಾಲದ ರೂಪವಾಗಿರಬಹುದು. ಅದರ ಬೀಜ ಮಾತ್ರ ಇಲ್ಲಿಯೇ ಇದೆ.

ಬಂದಳಿಕೆಯ ಜಕ್ಕಿಯಬ್ಬೆ

ಶಿಕಾರಿಪುರ ತಾಲ್ಲೂಕಿನ ಬಂದಳಿಕೆ ಶಾಸನಗಳಲ್ಲಿ ಬಾಂಧವಪುರವೆಂದೂ ಬಂದಣಿಕೆಯೆಂದೂ ಪ್ರಸಿದ್ಧವಾದ ತೀರ್ಥಸ್ಥಾನ. ರಾಷ್ಟ್ರಕೂಟ ಇಮ್ಮಡಿ ಕೃಷ್ಣನ ಕಾಲಕ್ಕೆ, ಅಂದರೆ 10ನೆಯ ಶತಮಾನದ ಆರಂಭಕ್ಕೆ ಸೇರಿದ ಅಲ್ಲಿನ ಶಾಸನವೊಂದು ಜಕ್ಕಿಯಬ್ಬೆ ಎಂಬ ಮಹಿಳೆಯ ವೃತ್ತಾಂತವನ್ನು ತಿಳಿಸುತ್ತದೆ. ನಾಗರಖಂಡ ಎಪ್ಪತ್ತರ ನಾಳ್ಗಾವುಂಡನಾಗಿದ್ದ ಸತ್ತರಸ ನಾಗಾರ್ಜುನನು ಮರಣ ಹೊಂದಲು, ಆ ಅಧಿಕಾರ ಆತನ ಪತ್ನಿಯಾದ ಜಕ್ಕಿಯಬ್ಬೆಗೆ ಬಂದಿತು. ಆಕೆ ಹೆಂಗಸಾದರೂ ಆಡಳಿತದಲ್ಲಿ ಸಮರ್ಥಳೆಂದೂ ಜಿನೇಂದ್ರಶಾಸನದಲ್ಲಿ ಭಕ್ತಿಯುಳ್ಳವಳೆಂದೂ ಶಾಸನ ಹೊಗಳುತ್ತದೆ. ಕಾಲಾಂತರದಲ್ಲಿ ವ್ಯಾಧಿ ಬಾಧಿಸಲು, ಆಕೆ ಅಧಿಕಾರವನ್ನು ಮಗಳಿಗೆ ಒಪ್ಪಿಸಿ, ಬಂದಣಿಕೆಯ ತೀರ್ಥಕ್ಕೆ ಬಂದು, ಬಸದಿಯಲ್ಲಿ ಸಲ್ಲೇಖನವ್ರತದಿಂದ ದೇಹತ್ಯಾಗ ಮಾಡಿದಳು.

ಈ ಶಾಸನದಲ್ಲಿ ಎರಡು ಸಂಗತಿಗಳು ಒಂದೇ ಉಸಿರಿನಲ್ಲಿ ಬಂದಿವೆ. ನಾಡಿನ ಆಡಳಿತ ಒಂದು. ಸಂಸಾರದ ಅಸಾರತೆಯ ಅರಿವು ಇನ್ನೊಂದು. ಬರೆದವನು ಒಂದನ್ನು ಹೇಳಲು ಇನ್ನೊಂದನ್ನು ಮುಚ್ಚಲಿಲ್ಲ. ಆಕೆಯ ವೈರಾಗ್ಯ ದೊಡ್ಡದೆಂದು ತೋರಿಸಲು ಆಕೆಯ ಲೌಕಿಕ ಸಾಮರ್ಥ್ಯವನ್ನು ಕಿರಿದುಗೊಳಿಸಲಿಲ್ಲ. ಆದರೆ ಜಕ್ಕಿಯಬ್ಬೆಯ ಸ್ವಂತ ಮಾತು ಒಂದೂ ಉಳಿದಿಲ್ಲವೆಂಬುದು ವಿಷಾದದ ಸಂಗತಿ. ಗಂಡನನ್ನು ಕಳೆದುಕೊಂಡು ನಾಡಿನ ಭಾರವನ್ನು ಹೊತ್ತ ದಿನ ಆಕೆಗೆ ಏನೆನಿಸಿತ್ತು, ಮಗಳ ಕೈಗೆ ಅಧಿಕಾರವನ್ನು ಕೊಟ್ಟು ಹೊರಟಾಗ ಹಿಂದಿರುಗಿ ನೋಡಿದಳೇ, ಎಂಬುದನ್ನು ಶಾಸನ ಹೇಳುವುದಿಲ್ಲ. ಬೇರೊಬ್ಬರು ಬರೆದುದರಿಂದ ಆಕೆಯ ಹೆಸರು ಉಳಿಯಿತು. ತಾನೇ ಬರೆಯದುದರಿಂದ ಆಕೆಯ ಮನಸ್ಸು ಉಳಿಯಲಿಲ್ಲ.

ಬಳ್ಳಿಗಾವೆಯ ಶಾಂತಿನಾಥ

ಇದಾದ ಸುಮಾರು ಒಂದೂವರೆ ಶತಮಾನದ ಮೇಲೆ, ತಾನೇ ಬರೆಯಬಲ್ಲ ಒಬ್ಬ ಶ್ರಾವಕ ಈ ಸೀಮೆಯಲ್ಲಿ ಕಾಣಿಸಿಕೊಳ್ಳುತ್ತಾನೆ. ಆತನೇ ಸುಕುಮಾರಚರಿತೆಯನ್ನು ಚಂಪೂರೂಪದಲ್ಲಿ ರಚಿಸಿದ ಕವಿ ಶಾಂತಿನಾಥ. ಕಲ್ಯಾಣದ ಚಾಲುಕ್ಯ ಚಕ್ರವರ್ತಿಯಾದ ಭುವನೈಕಮಲ್ಲ ಇಮ್ಮಡಿ ಸೋಮೇಶ್ವರನ ಆಳ್ವಿಕೆಯಲ್ಲಿ ಬನವಾಸಿ ನಾಡನ್ನು ಆಳುತ್ತಿದ್ದ ಲಕ್ಷ್ಮರಸನ ಬಳಿ ಆತ ಅರ್ಥಾಧಿಕಾರಿಯೂ ಮಂತ್ರಿಯೂ ಆಗಿದ್ದನು. ತಂದೆ ಗೋವಿಂದರಾಜ, ಗುರು ವರ್ಧಮಾನ ವ್ರತಿಪತಿ. ಸಹಜಕವಿ, ಚತುರಕವಿ, ಸರಸ್ವತೀಮುಖಮುಕುರ ಮುಂತಾದ ಬಿರುದುಗಳು ಆತನಿಗಿದ್ದವು. ಮುಕುರವೆಂದರೆ ಕನ್ನಡಿ. ದಿನವೂ ನಾಡಿನ ಆಯವ್ಯಯವನ್ನು ನೋಡುತ್ತಿದ್ದ ಅಧಿಕಾರಿಗೆ ಒಪ್ಪುವ ಬಿರುದಿದು.

ಆ ಕಾಲದ ಬಳ್ಳಿಗಾವೆ ಸಾಮಾನ್ಯವಾದ ಊರಲ್ಲ. ಅದು ಬನವಾಸಿ ನಾಡಿನ ರಾಜಧಾನಿ. ವರ್ತಕರು ನೆರೆಯುವ ಪಟ್ಟಣ. ಹಲವು ಮತಗಳ ಮಠಗಳಿದ್ದ ಕೇಂದ್ರ. 1048ರ ಅಲ್ಲಿನ ಶಾಸನವೊಂದು ಜಜಾಹುತಿ ಶಾಂತಿನಾಥನಿಗೆ ಸಂಬಂಧಿಸಿದ ಬಸದಿಗೆ ಮಹಾಮಂಡಲೇಶ್ವರ ಚಾವುಂಡರಾಯನು ಬಿಟ್ಟ ಭೂಮಿಯನ್ನು ಉಲ್ಲೇಖಿಸುತ್ತದೆ. ಅದೇ ಶಾಸನದಲ್ಲಿ ನಾಗವರ್ಮನೆಂಬವನು ಜಿನನಿಗೂ ವಿಷ್ಣುವಿಗೂ ಈಶ್ವರನಿಗೂ ಮುನಿಗಣಕ್ಕೂ ನಿಲಯಗಳನ್ನು ಕಟ್ಟಿಸಿದನೆಂಬ ಮಾತು ಬಂದಿದೆ. ನೆರೆಹೊರೆಯ ದೇವಾಲಯಗಳನ್ನು ಹೆಸರಿಸಿ ಗೌರವಿಸುವುದು ಜೈನ ದತ್ತಿಶಾಸನದಲ್ಲಿಯೂ ಸಹಜವಾಗಿದ್ದ ಕಾಲವದು.

1068ರಲ್ಲಿ ಶಾಂತಿನಾಥನು ಲಕ್ಷ್ಮರಸನಲ್ಲಿ ಒಂದು ವಿಜ್ಞಾಪನೆ ಮಾಡಿಕೊಂಡನು. ಬಳ್ಳಿಗಾವೆಯಲ್ಲಿ ಮಲ್ಲಿಕಾಮೋದ ಶಾಂತಿನಾಥ ಬಸದಿ ಮರದ ಕಟ್ಟಡವಾಗಿತ್ತು. ಅದನ್ನು ಕಲ್ಲಿನಲ್ಲಿ ಕಟ್ಟಿಸಿದರೆ ಶಾಶ್ವತವಾದ ಪುಣ್ಯ ಲಭಿಸುವುದೆಂಬುದು ಆತನ ಕೋರಿಕೆ. ಲಕ್ಷ್ಮರಸನು ಅದಕ್ಕೆ ಒಪ್ಪಿ ಶಿಲಾಮಯವಾದ ಬಸದಿಯನ್ನು ಕಟ್ಟಿಸಿದನು. ಚಕ್ರವರ್ತಿಯಿಂದ ದೊರೆತ ಭೂದತ್ತಿಯನ್ನು ಮೂಲಸಂಘ ದೇಶೀಗಣದ ಮಾಘನಂದಿ ಭಟ್ಟಾರಕರಿಗೆ ಧಾರೆಯೆರೆಯಲಾಯಿತು.

ಈ ಶಾಸನದ ವಿಶೇಷವಿರುವುದು ವಿಜ್ಞಾಪನೆಯ ಹಿನ್ನೆಲೆಯಲ್ಲಿ. ತನ್ನ ಬಸದಿಗಾಗಿ ಬೇಡುವಾಗ ಅದು ಊರಿನ ಉಳಿದ ದೇವಾಲಯಗಳನ್ನು ಮರೆಯಲಿಲ್ಲ. ಜಿನ, ರುದ್ರ, ಬುದ್ಧ, ಹರಿ ಇವರ ಆಲಯಗಳಿಂದ ಬಳ್ಳಿಗಾವೆ ಶೋಭಿಸುತ್ತಿದೆಯೆಂದು ಮೊದಲು ಊರನ್ನು ಕಂಡು, ಆ ಸಾಲಿನಲ್ಲಿ ತನ್ನ ಬಸದಿಯನ್ನು ನಿಲ್ಲಿಸಿತು. ತನ್ನ ಧರ್ಮದಲ್ಲಿ ಅಚಲವಾದ ಭಕ್ತಿಯುಳ್ಳವನ ನೋಟ ನೆರೆಯವನ ಅಂಗಳದವರೆಗೂ ಹರಿಯಬಲ್ಲುದೆಂಬುದಕ್ಕೆ ಇದಕ್ಕಿಂತ ಒಳ್ಳೆಯ ನಿದರ್ಶನ ಬೇಕಿಲ್ಲ.

ಹೊರಗನ್ನು ಕಾಣದ ಸುಕುಮಾರ

ಇಂಥ ಸಂದಣಿಯ ಪಟ್ಟಣದ ಅಧಿಕಾರಿ ಕಾವ್ಯಕ್ಕೆ ಆರಿಸಿಕೊಂಡ ಕಥೆ ಯಾವುದು? ಮನೆಯಿಂದ ಹೊರಗೆ ಕಾಲಿಡದೆ ಬೆಳೆದ ಒಬ್ಬ ಯುವಕನ ಕಥೆ. ಸುಕುಮಾರಸ್ವಾಮಿಯ ಈ ವೃತ್ತಾಂತ ವಡ್ಡಾರಾಧನೆಯ ಮೊದಲನೆಯ ಕಥೆಯಾಗಿಯೂ ಕನ್ನಡಿಗರಿಗೆ ಪರಿಚಿತವಾಗಿದೆ.

ಉಜ್ಜಯಿನಿಯ ಸಿರಿವಂತರ ಮನೆಯಲ್ಲಿ ಸುಕುಮಾರ ಹುಟ್ಟಿದನು. ಮುನಿಯನ್ನು ಕಂಡೊಡನೆ ಆತ ತಪಸ್ಸಿಗೆ ಹೊರಡುವನೆಂಬ ಆದೇಶವನ್ನು ಕೇಳಿದ ತಾಯಿ ಯಶೋಭದ್ರೆ, ಮಗನನ್ನು ಪ್ರಾಸಾದದೊಳಗೇ ಇಟ್ಟು, ಋಷಿಗಳು ಮನೆಯ ಕಡೆ ಸುಳಿಯದಂತೆ ಕಾವಲು ಹಾಕಿಸಿದಳು. ರತ್ನಗಳ ಕಾಂತಿಯಲ್ಲಿ ಬೆಳೆದ ಆತನಿಗೆ ದೀಪದ ಬೆಳಕೂ ತಿಳಿಯದು. ಅರಸನು ಮನೆಗೆ ಬಂದಾಗ, ಸೊಡರನ್ನು ಕಂಡು ಆತನ ಕಣ್ಣಲ್ಲಿ ನೀರು ಬಂದಿತು. ಆಸನದ ಮೇಲೆ ಬಿದ್ದಿದ್ದ ಸಾಸುವೆ ಕಾಳು ಆತನನ್ನು ನೋಯಿಸಿತು. ಸುಖವೆಲ್ಲ ಇತ್ತು, ಲೋಕವೊಂದು ಇರಲಿಲ್ಲ.

ಕೊನೆಗೆ ಆತನನ್ನು ಎಬ್ಬಿಸಿದ್ದು ಒಂದು ರಾತ್ರಿ ಕಿವಿಗೆ ಬಿದ್ದ ಮುನಿಯ ಪಾಠ. ವಡ್ಡಾರಾಧನೆಯ ಪ್ರಕಾರ ಆ ಪಾಠ ತ್ರಿಲೋಕಪ್ರಜ್ಞಪ್ತಿ, ಅಂದರೆ ಮೂರು ಲೋಕಗಳ ವರ್ಣನೆ. ಇದು ಆಕಸ್ಮಿಕವಲ್ಲ. ಲೋಕ ಎಷ್ಟು ವಿಶಾಲವೆಂದು ಕೇಳಿದ ಕ್ಷಣದಲ್ಲಿ ಆತನಿಗೆ ಜಾತಿಸ್ಮರಣೆಯಾಯಿತು. ತಾನು ಯಾರೆಂಬ ಅರಿವು ಮೂಡಿತು. ವಸ್ತ್ರಗಳನ್ನು ಒಂದಕ್ಕೊಂದು ಗಂಟುಹಾಕಿ ಇಳಿಯಬಿಟ್ಟು, ಅದನ್ನು ಹಿಡಿದು ಪ್ರಾಸಾದದಿಂದ ಇಳಿದನು. ಮಣ್ಣನ್ನು ಮೆಟ್ಟದ ಪಾದಗಳಿಂದ ರಕ್ತ ಸೋರಿತು. ಆ ರಕ್ತದ ಜಾಡನ್ನು ಹಿಡಿದು ಮರಿಗಳೊಡನೆ ಬಂದ ಹೆಣ್ಣುನರಿ, ಪೂರ್ವಭವದಲ್ಲಿ ಆತನಿಂದ ಅವಮಾನಿತಳಾಗಿದ್ದ ಅತ್ತಿಗೆಯ ಜೀವ, ಆತನನ್ನು ತಿನ್ನಲು ತೊಡಗಿತು. ಆತ ಸಮಭಾವವನ್ನು ಬಿಡಲಿಲ್ಲ.

ಹೊರಲೋಕದ ಅರಿವು ಆತ್ಮದ ಅರಿವಿಗೆ ಶತ್ರುವೆಂದು ಭಾವಿಸುವವರು ಈ ಕಥೆಯನ್ನು ಮತ್ತೊಮ್ಮೆ ಓದಬೇಕು. ಸುಕುಮಾರನಿಗೆ ಲೋಕದ ಅರಿವು ಬಂದ ಬಾಗಿಲಿನಿಂದಲೇ ಆತ್ಮದ ಅರಿವೂ ಬಂದಿತು. ಮಗನನ್ನು ಲೋಕದಿಂದ ಮರೆಮಾಡಿದ ತಾಯಿಯ ಪ್ರೀತಿ ದೊಡ್ಡದಾದರೂ, ಅದು ಆತನನ್ನು ಲೋಕದಿಂದಲೂ ಮೋಕ್ಷಮಾರ್ಗದಿಂದಲೂ ಏಕಕಾಲಕ್ಕೆ ದೂರವಿಟ್ಟಿತು. ಸುಕುಮಾರಚರಿತೆಯನ್ನು ಡಿ. ಎಲ್. ನರಸಿಂಹಾಚಾರ್ ಮತ್ತು ಟಿ. ಎಸ್. ಶಾಮರಾವ್ ಅವರು ಸಂಪಾದಿಸಿ, ಶಿವಮೊಗ್ಗದ ಕರ್ನಾಟಕ ಸಂಘವು 1954ರಲ್ಲಿ ಪ್ರಕಟಿಸಿತು. ಕವಿಯ ಸೀಮೆಯಿಂದಲೇ ಆತನ ಕಾವ್ಯ ಬೆಳಕಿಗೆ ಬಂದುದು ಸಂತೋಷದ ಸಂಗತಿ.

ಕುಪ್ಪಟೂರಿನ ಪ್ರತಿಷ್ಠಾಮಹೋತ್ಸವ

ಹೊರನೋಟವೆಂಬುದು ಬರಹಕ್ಕೆ ಮಾತ್ರ ಸೀಮಿತವಾಗಿರಲಿಲ್ಲ. ಅದು ನಡೆಯಲ್ಲಿದ್ದುದರಿಂದಲೇ ಬರಹಕ್ಕೂ ಬಂದಿತು. ಸೊರಬ ತಾಲ್ಲೂಕಿನ ಕುಪ್ಪಟೂರಿನ 1077ರ ಸುಮಾರಿನ ಶಾಸನ ಇದಕ್ಕೆ ಸಾಕ್ಷಿ. ಬನವಾಸಿಯ ಕದಂಬ ಅರಸ ಕೀರ್ತಿದೇವನ ಪಟ್ಟದರಸಿಯಾದ ಮಾಳಲದೇವಿ, ಕುಪ್ಪಟೂರಿನ ಪಾರ್ಶ್ವದೇವ ಚೈತ್ಯಾಲಯವನ್ನು ಕಾಣೂರ್ಗಣದ ಪದ್ಮನಂದಿ ಸಿದ್ಧಾಂತದೇವರಿಂದ ಪ್ರತಿಷ್ಠೆ ಮಾಡಿಸಿದಳು. ಪ್ರತಿಷ್ಠೆಯ ಸಂದರ್ಭದಲ್ಲಿ ಆಕೆ ಆ ಊರಿನ ಕೋಟೀಶ್ವರ ಮೂಲಸ್ಥಾನದ ಮತ್ತು ಇತರ ಹದಿನೆಂಟು ದೇವಸ್ಥಾನಗಳ ಆಚಾರ್ಯರನ್ನೂ ಬನವಾಸಿಯ ಮಧುಕೇಶ್ವರ ದೇವಾಲಯದವರನ್ನೂ ಬರಮಾಡಿಕೊಂಡಳು. ಅಗ್ರಹಾರದ ಮಹಾಜನರನ್ನು ಪೂಜಿಸಿ, ಬಸದಿಗೆ ಅವರಿಂದಲೇ ಹೆಸರಿಡಿಸಿದಳು. ಅವರಿಟ್ಟ ಹೆಸರು ಬ್ರಹ್ಮಜಿನಾಲಯ.

ತನ್ನ ಇಷ್ಟದೈವದ ಆಲಯಕ್ಕೆ ನೆರೆಯವರಿಂದ ಹೆಸರು ಪಡೆಯುವುದು ಸಣ್ಣ ಮಾತಲ್ಲ. ಅದರಲ್ಲಿ ರಾಜನೀತಿಯೂ ಇದ್ದಿರಬಹುದು. ಬಸದಿ ಅಗ್ರಹಾರದ ನಡುವೆ ಬಾಳಬೇಕಾಗಿತ್ತು. ಆದರೆ ಬಾಳಬೇಕಾದ ಊರನ್ನು ಅರಿತು ನಡೆಯುವ ವಿವೇಕ ಅರಸಿಗಿತ್ತು. ಬಿಂಬಪ್ರತಿಷ್ಠೆಯೆಂಬುದು ಶ್ರಾವಕರ ಮನೆಯ ಕಾರ್ಯವಾಗಿದ್ದಂತೆ ಊರಿನ ಕಾರ್ಯವೂ ಆಗಿತ್ತು.

ಈ ಗೌರವ ಒಂದೇ ಕಡೆಯಿಂದ ಬಂದುದಲ್ಲ. ಬಳ್ಳಿಗಾವೆಯ ಕೇದಾರೇಶ್ವರ ದೇವಾಲಯಕ್ಕೆ ಸೇರಿದ ಕೋಡಿಯಮಠ ಕಾಳಾಮುಖ ಶೈವರದು. 1162ರ ಶಾಸನ ಅಲ್ಲಿ ವೇದಪುರಾಣಗಳ ಜೊತೆಗೆ ಬೌದ್ಧ ಮೊದಲಾದ ದರ್ಶನಗಳ ಪಾಠವೂ, ಪಾಣಿನಿಯ ವ್ಯಾಕರಣದೊಂದಿಗೆ ಶಾಕಟಾಯನ ವ್ಯಾಕರಣದ ಪಾಠವೂ ನಡೆಯುತ್ತಿತ್ತೆಂದು ಹೇಳುತ್ತದೆ. ದೀನರಿಗೂ ಕುರುಡರಿಗೂ ಕಿವುಡರಿಗೂ ಅಲ್ಲಿ ಅನ್ನ ದೊರೆಯುತ್ತಿತ್ತು. ರೋಗಿಗಳಿಗೆ ಚಿಕಿತ್ಸೆ ನಡೆಯುತ್ತಿತ್ತು. ಅಲ್ಲಿ ಅನ್ನಕ್ಕೆ ಅರ್ಹರಾದವರ ಪಟ್ಟಿಯಲ್ಲಿ ಕ್ಷಪಣಕರ, ಅಂದರೆ ಜೈನ ಯತಿಗಳ, ಹೆಸರೂ ಇದೆ. ಇದೇ ಬಳ್ಳಿಗಾವೆಯಲ್ಲಿ ಅಲ್ಲಮಪ್ರಭು ಹುಟ್ಟಿದನೆಂದೂ, ಇದೇ ತಾಲ್ಲೂಕಿನ ಉಡುತಡಿಯಲ್ಲಿ ಅಕ್ಕಮಹಾದೇವಿ ಹುಟ್ಟಿದಳೆಂದೂ ಪರಂಪರೆ ಹೇಳುತ್ತದೆ. ತಮ್ಮ ಅನುಭವವನ್ನು ತಮ್ಮ ಮಾತಿನಲ್ಲಿ ಹೇಳುವ ಧೈರ್ಯ ಈ ನೆಲದಲ್ಲಿ ಹಲವು ಮತಗಳ ಸಮಾನ ಆಸ್ತಿಯಾಗಿತ್ತು.

ಶ್ರದ್ಧೆಯೂ ಪರೀಕ್ಷೆಯೂ

ಹೊರಗೆ ನೋಡುವುದೆಂದರೆ ಕಂಡುದನ್ನೆಲ್ಲ ಒಪ್ಪುವುದೆಂದು ಅರ್ಥವಲ್ಲ. 12ನೆಯ ಶತಮಾನದ ಬ್ರಹ್ಮಶಿವನು ಸಮಯಪರೀಕ್ಷೆಯನ್ನು ಬರೆದು ಅನ್ಯಮತಗಳ ಆಚಾರಗಳನ್ನು ತೀಕ್ಷ್ಣವಾಗಿ ವಿಮರ್ಶಿಸಿದನು. ಆತನ ಮಾತು ಹಲವೆಡೆ ಕಟುವಾಗಿದೆ. ಆದರೂ ಆ ಕಟುತ್ವದ ಹಿಂದೆ ಬೀದಿ ಬೀದಿಯ ನಂಬಿಕೆಗಳನ್ನು ಕಣ್ಣಾರೆ ಕಂಡ ಅನುಭವವಿದ್ದುದರಿಂದಲೇ, ಆ ಗ್ರಂಥ ಇಂದು ಅಂದಿನ ಜನಜೀವನಕ್ಕೆ ಕೈದೀವಿಗೆಯಾಗಿದೆ. ಇತ್ತ ಪಂಪನು 10ನೆಯ ಶತಮಾನದಲ್ಲಿ ಆದಿಪುರಾಣವನ್ನೂ ವಿಕ್ರಮಾರ್ಜುನವಿಜಯವನ್ನೂ ರಚಿಸಿ, ಒಂದರಲ್ಲಿ ಜಿನಾಗಮವನ್ನು, ಇನ್ನೊಂದರಲ್ಲಿ ಲೌಕಿಕವನ್ನು ಬೆಳಗುವೆನೆಂದು ತಾನೇ ಹೇಳಿಕೊಂಡನು. ಬನವಾಸಿ ದೇಶದ ಮೇಲೆ ಆತನಿಗಿದ್ದ ಮಮತೆ ಲೋಕಪ್ರಸಿದ್ಧ. ಆ ಮಮತೆಯಿಂದ ಆತನ ಶ್ರದ್ಧೆಗೆ ಯಾವ ಕುಂದೂ ಉಂಟಾಗಲಿಲ್ಲ.

ಅನೇಕಾಂತವು ತರ್ಕಶಾಸ್ತ್ರದ ಸಿದ್ಧಾಂತವೆಂದು ಮಾತ್ರ ತಿಳಿಯುವವರುಂಟು. ಬರೆಯುವವನಿಗೆ ಅದು ದಿನನಿತ್ಯದ ಶಿಸ್ತು. ತಾನು ನಿಂತ ಕಡೆಯಿಂದ ಕಂಡುದು ಒಂದು ಮುಖವೆಂದು ಅರಿತವನು ಇನ್ನೊಂದು ಕಡೆಗೆ ಹೋಗಿ ನಿಂತು ನೋಡಲು ಹಿಂಜರಿಯುವುದಿಲ್ಲ. ಕಂಡುದನ್ನು ಹೇಳುವಾಗ ಸ್ಯಾತ್ ಎಂಬ ಮಿತಿಯನ್ನು ಮರೆಯುವುದಿಲ್ಲ.

ಉತ್ತರ ಭಾರತದ ಒಂದು ಉದಾಹರಣೆ ಇಲ್ಲಿ ಸ್ಮರಣೀಯ. ಆಗ್ರಾದ ಜೈನ ವರ್ತಕ ಬನಾರಸೀದಾಸನು 1641ರಲ್ಲಿ ಅರ್ಧಕಥಾನಕವೆಂಬ ಆತ್ಮಕಥೆಯನ್ನು ಪದ್ಯರೂಪದಲ್ಲಿ ಬರೆದನು. ಮನುಷ್ಯನ ಪೂರ್ಣಾಯುಷ್ಯ 110 ವರ್ಷವೆಂದು ಎಣಿಸಿ, ತನ್ನ 55 ವರ್ಷಗಳ ಬದುಕನ್ನು ಅರ್ಧಕಥೆಯೆಂದು ಕರೆದನು. ವ್ಯಾಪಾರದಲ್ಲಿ ಪಟ್ಟ ನಷ್ಟ, ಮಕ್ಕಳ ಸಾವು, ಅಕ್ಬರನು ತೀರಿಕೊಂಡ ಸುದ್ದಿ ಬಂದಾಗ ಜೌನಪುರದ ಜನರು ಪಟ್ಟ ಭೀತಿ, ಧರ್ಮದ ವಿಷಯದಲ್ಲಿ ತನಗೆ ಉಂಟಾದ ತೊಳಲಾಟ, ಇವೆಲ್ಲವನ್ನೂ ಮುಚ್ಚುಮರೆಯಿಲ್ಲದೆ ಹೇಳಿದನು. ತನ್ನ ಗುಣಗಳಂತೆ ದೋಷಗಳನ್ನೂ ಎಣಿಸಿದನು. ಆಲೋಚನೆ, ಪ್ರತಿಕ್ರಮಣಗಳ ಅಭ್ಯಾಸವುಳ್ಳ ಸಮಾಜದಲ್ಲಿ ಇಂಥ ಬರಹ ಹುಟ್ಟಿದುದು ಆಶ್ಚರ್ಯವಲ್ಲ.

ಉಳಿದುದು, ಉಳಿಯಬೇಕಾದುದು

ಇಂದು ಬಳ್ಳಿಗಾವೆಗೆ ಹೋದವರ ಕಣ್ಣಿಗೆ ಬೀಳುವುದು ಕೇದಾರೇಶ್ವರ, ತ್ರಿಪುರಾಂತಕೇಶ್ವರ ದೇವಾಲಯಗಳು ಮತ್ತು 1047ರ ಗಂಡಭೇರುಂಡ ಸ್ತಂಭ. ಮಲ್ಲಿಕಾಮೋದ ಶಾಂತಿನಾಥ ಬಸದಿ ಅಲ್ಲಿ ನಿಂತಿಲ್ಲ. ಮರವಾದರೆ ಅಳಿಯುವುದು, ಕಲ್ಲಾದರೆ ಉಳಿಯುವುದೆಂದು ಕವಿ ಬಗೆದನು. ಕಲ್ಲಿನ ಕಟ್ಟಡವೂ ಕಾಲದ ಕೈಯಿಂದ ತಪ್ಪಿಸಿಕೊಳ್ಳಲಿಲ್ಲ. ಉಳಿದುದು ಆತನ ಬೇಡಿಕೆಯನ್ನು ಹೇಳುವ ಶಾಸನ, ಮತ್ತು ಓಲೆಯ ಮೇಲೆ ಆತ ಬರೆದ ಕಾವ್ಯ. ಬಂದಳಿಕೆಯ ಶಾಂತಿನಾಥ ಬಸದಿ ಶಿಥಿಲವಾಗಿ ಮೌನವಾಗಿದೆ. ಜಕ್ಕಿಯಬ್ಬೆಯ ಕಲ್ಲು ಮಾತ್ರ ಇನ್ನೂ ಮಾತನಾಡುತ್ತಿದೆ.

ಬಸದಿಗಳನ್ನು ಕಟ್ಟುವುದು ವ್ಯರ್ಥವೆಂಬುದು ಇದರ ತಾತ್ಪರ್ಯವಲ್ಲ. ಬಸದಿ ಇಲ್ಲದಿದ್ದರೆ ಆ ಶಾಸನವೂ ಇರುತ್ತಿರಲಿಲ್ಲ. ಆದರೆ ಬಸದಿಯ ಸುತ್ತ ಬಾಳಿದವರ ಬದುಕು ಬರಹಕ್ಕೆ ಇಳಿಯದಿದ್ದರೆ, ಕಟ್ಟಡ ಬಿದ್ದ ದಿನ ಅದೂ ಬೀಳುತ್ತದೆ. ಶಾಸನಗಳಲ್ಲಿ ಅರಸರೂ ಅರಸಿಯರೂ ದಂಡನಾಯಕರೂ ಶೆಟ್ಟಿಗಳೂ ಉಳಿದಿದ್ದಾರೆ. ಬಸದಿಯ ದೀಪಕ್ಕೆ ಎಣ್ಣೆ ತಂದವನು, ಅಭಿಷೇಕಕ್ಕೆ ನೀರು ಹೊತ್ತವಳು, ಪರ್ಯುಷಣದ ದಿನಗಳಲ್ಲಿ ಅಂಗಡಿ ಮುಚ್ಚಿ ಶಾಸ್ತ್ರ ಕೇಳಲು ಬಂದ ಸಣ್ಣ ವ್ಯಾಪಾರಿ, ಪಕ್ಕದ ಕೇರಿಯಿಂದ ಉತ್ಸವ ನೋಡಲು ಬಂದ ಅನ್ಯಮತದ ಗೆಳೆಯ, ಇವರ ಬಗ್ಗೆ ಬರೆದವರು ಅತಿ ವಿರಳ.

ಶ್ರಾವಕ ಕುಟುಂಬಗಳ ತರುಣರು ವಿದ್ಯೆಗಾಗಿ, ಉದ್ಯೋಗಕ್ಕಾಗಿ ದೂರದ ನಗರಗಳಿಗೂ ಪರದೇಶಗಳಿಗೂ ಹೋಗುತ್ತಿರುವ ಕಾಲವಿದು. ರಾತ್ರಿಭೋಜನತ್ಯಾಗವನ್ನು ಪಾಲಿಸುವವನು ಪರದೇಶದ ಊಟದ ಮನೆಯಲ್ಲಿ ಏನು ಮಾಡಿದ? ಅಹಿಂಸೆಯನ್ನು ನಂಬಿದವಳು ತನ್ನ ವೃತ್ತಿಯಲ್ಲಿ ಯಾವ ಇಕ್ಕಟ್ಟನ್ನು ಎದುರಿಸಿದಳು? ನೆರೆಯ ಮನೆಯ ಬೇರೆ ಆಚಾರದಿಂದ ಏನನ್ನು ಕಲಿತಳು? ಇವು ಚಿಕ್ಕ ಸಂಗತಿಗಳೆಂದು ತೋರಬಹುದು. ಸುಕುಮಾರನನ್ನು ನೋಯಿಸಿದ ಸಾಸುವೆ ಕಾಳೂ ಚಿಕ್ಕದೇ. ಕಥೆ ಅದನ್ನು ಬಿಡಲಿಲ್ಲ. ಇಂಥ ಅನುಭವಗಳನ್ನು ಉಪದೇಶದ ಭಾರವಿಲ್ಲದೆ, ಆತ್ಮಪ್ರಶಂಸೆಯ ಸೋಂಕಿಲ್ಲದೆ ಪ್ರಾಮಾಣಿಕವಾಗಿ ಬರೆದಿಟ್ಟರೆ ಅದು ಸಾಹಿತ್ಯವೂ ಹೌದು, ಸ್ವಾಧ್ಯಾಯವೂ ಹೌದು.

ಬಸದಿಯ ಗರ್ಭಗೃಹದಲ್ಲಿ ಜಿನಬಿಂಬ ಹೊರಮುಖವಾಗಿ ಕುಳಿತಿದೆ. ದರ್ಶನಕ್ಕೆ ಬಂದ ಶ್ರಾವಕ ಬಿಂಬವನ್ನು ನೋಡುತ್ತಾನೆ. ಬಿಂಬದ ಎದುರಿಗೆ ಬಾಗಿಲು, ಬಾಗಿಲಿನಾಚೆ ಊರು. ದರ್ಶನ ಮುಗಿಸಿ ಊರಿನ ಕಡೆಗೆ ತಿರುಗಿದ ಶ್ರಾವಕ, ಅದೇ ಸಮಭಾವದಿಂದ ಊರನ್ನೂ ನೋಡಿ ಬರೆದರೆ, ಬಳ್ಳಿಗಾವೆಯ ಕವಿ ಆರಂಭಿಸಿದ ಕೆಲಸ ಮುಂದುವರಿಯುತ್ತದೆ. ಇಂದು ಪ್ರತಿಷ್ಠೆಗೊಳ್ಳುತ್ತಿರುವ ಬಿಂಬ ಸಾವಿರ ವರ್ಷ ಬಾಳಲಿ. ಅದರ ಎದುರು ನಿಂತವರ ಮಾತು ಅದಕ್ಕೂ ಹೆಚ್ಚು ಕಾಲ ಬಾಳಲಿ.